ವೈಟ್ನರ್ ಹಚ್ಚಬಾರದು

ಏಳೆಂಟು ತಿಂಗಳಿಂದ ನಾನೊಂದು ಸಂಘ ಕಟ್ಟುತ್ತಿದ್ದೇನೆ. ಕಾಗದದ ಮೇಲೆ, ಅಷ್ಟೇ. ಹೆಸರು ಗಳಿಗೆಗಾರರ ಸಂಘ. ಹೊತ್ತನ್ನು ಹಿಂದಕ್ಕೆ ತಿರುಗಿಸಬಲ್ಲವರು, ನಿಲ್ಲಿಸಬಲ್ಲವರು, ಒಬ್ಬರ ಆಯುಸ್ಸನ್ನು ಬಿಡಿಸಿ ಇನ್ನೊಬ್ಬರಿಗೆ ಅಂಟಿಸಬಲ್ಲವರು ಇರುವ ಒಂದು ಲೋಕ. ಅಂಥವರನ್ನು ಅವರ ಪಾಡಿಗೆ ಬಿಟ್ಟರೆ ಉಳಿದವರ ಗತಿ ಏನು? ಅದಕ್ಕೊಂದು ಸಂಘ, ಸಂಘಕ್ಕೊಂದು ನಿಯಮಾವಳಿ.

ಶುರುವಾಗಿದ್ದು ಕಾದಂಬರಿ ಅಂತ. ಅದು ಮೂರನೇ ಅಧ್ಯಾಯದಲ್ಲಿ ಕೂತುಬಿಟ್ಟಿದೆ. ನಿಯಮಾವಳಿ ಮಾತ್ರ ನಲವತ್ತು ಪುಟ ದಾಟಿದೆ. ಇದು ಸೋಮಾರಿತನದ ಇನ್ನೊಂದು ವೇಷ ಅಂತ ನನಗೂ ಗೊತ್ತು. ಕಥೆ ಬರೆಯೋದಕ್ಕಿಂತ ಕಥೆಯ ಲೋಕಕ್ಕೆ ಕಾನೂನು ಬರೆಯೋದು ಸುಲಭ. ಪಾತ್ರಗಳು ಎದುರುತ್ತರ ಕೊಡುತ್ತವೆ, ನಿಯಮಗಳು ಕೊಡಲ್ಲ. ಹಾಗಂತ ಅಂದುಕೊಂಡಿದ್ದೆ.

ಮೊದಲ ಕರಡಿನ ತುಂಬ ಬರೀ ಒಗಟುಗಳು. ಹಿಂದಕ್ಕೆ ಹೋಗಿ ಸ್ವಂತ ತಾತನನ್ನೇ ಕೊಂದರೆ ನಾನು ಹುಟ್ಟೋದು ಹೇಗೆ, ಹುಟ್ಟದಿದ್ದರೆ ಕೊಂದವರು ಯಾರು, ಇಂಥವು. ಕಾಲದ ಕಥೆ ಅಂದ ತಕ್ಷಣ ಎಲ್ಲರಿಗೂ ನೆನಪಾಗೋದು ಈ ತಾತನೇ. ಪಾಪ, ಎಷ್ಟು ಸಲ ಸತ್ತಿದ್ದಾನೋ. ಒಂದು ವಾರ ತಲೆ ಕೆಡಿಸಿಕೊಂಡ ಮೇಲೆ ಆ ಪುಟಗಳನ್ನೆಲ್ಲ ಕಿತ್ತೆಸೆದೆ. ಅದು ಮಂತ್ರ ಕೆಟ್ಟರೆ ಏನಾಗುತ್ತದೆ ಅನ್ನುವ ರಿಪೇರಿಯವರ ಪ್ರಶ್ನೆ. ನನ್ನ ತಲೆಯಲ್ಲಿದ್ದದ್ದು ಬೇರೆ. ಮಂತ್ರ ಸರಿಯಾಗಿಯೇ ಕೆಲಸ ಮಾಡಿತು ಅಂತ ಇಟ್ಟುಕೊಳ್ಳಿ. ಅದರಿಂದ ಯಾರು ಏನು ಕಳೆದುಕೊಂಡರು?

ಸಂಘ ಅಂದಮೇಲೆ ನಿಜವಾದ ಸಂಘಗಳನ್ನೂ ನೋಡಬೇಕು ಅಲ್ವಾ. ಹಳೆಯ ಗಡಿಯಾರದ ಕಸುಬಿನವರ ಬಗ್ಗೆ ಓದತೊಡಗಿದೆ. ಜಿನೀವಾದಲ್ಲಿ 1601ರಲ್ಲೇ ಗಡಿಯಾರದವರ ಸಂಘ ಇತ್ತು. ಲಂಡನ್ನಿನವರಿಗೆ 1631ರಲ್ಲಿ ರಾಜ ಒಂದನೇ ಚಾರ್ಲ್ಸ್ ಸನ್ನದು ಕೊಟ್ಟ. ಅದರಲ್ಲಿ ನನಗೆ ಹಿಡಿಸಿದ ಒಂದು ಅಧಿಕಾರ ಇದೆ. ಸಂಘದವರು ಅಂಗಡಿಗಳಿಗೆ ನುಗ್ಗಿ, ಅಲ್ಲಿದ್ದ ಗಡಿಯಾರಗಳನ್ನು ಪರೀಕ್ಷೆ ಮಾಡಿ, ಕಳಪೆ ಕಂಡರೆ ವಶಪಡಿಸಿಕೊಂಡು ಒಡೆದುಹಾಕಬಹುದಿತ್ತು. ಸುಳ್ಳು ಹೊತ್ತು ತೋರಿಸುವ ಯಂತ್ರಕ್ಕೆ ಮರಣದಂಡನೆ!

ಕಸುಬು ಕಲಿಯಲು ಸೇರಿದ ಹುಡುಗ ಸಾಮಾನ್ಯವಾಗಿ ಏಳು ವರ್ಷ ಗುರುವಿನ ಹತ್ತಿರ ದುಡಿಯಬೇಕಿತ್ತು. ಆಮೇಲೆ ತನ್ನ ಕೈಯಾರೆ ಒಂದು ಒಳ್ಳೆಯ ಗಡಿಯಾರ ಮಾಡಿ ಹಿರಿಯರ ಮುಂದಿಟ್ಟು ಸೈ ಅನ್ನಿಸಿಕೊಳ್ಳಬೇಕಿತ್ತು. ಏಳು ವರ್ಷವನ್ನು ನಾನು ಹಾಗೇ ಎತ್ತಿಕೊಂಡೆ. ಪರೀಕ್ಷೆಯನ್ನು ಮಾತ್ರ ಉಲ್ಟಾ ಮಾಡಿದೆ. ನನ್ನ ಸಂಘದಲ್ಲಿ ಏನನ್ನೂ ಮಾಡಿ ತೋರಿಸಬೇಕಿಲ್ಲ. ಮಾಡದೆ ಇರಬೇಕು.

ಗಳಿಗೆ ಬಟ್ಟಲು ಗೊತ್ತಲ್ವಾ? ತಳದಲ್ಲಿ ಸೂಜಿಮೊನೆಯಷ್ಟು ತೂತಿರುವ ಬಟ್ಟಲು. ನೀರಿನ ಮೇಲೆ ತೇಲಿಬಿಟ್ಟರೆ ಒಳಗೆ ನೀರು ತುಂಬಿ ಮುಳುಗುವಷ್ಟರಲ್ಲಿ ಒಂದು ಗಳಿಗೆ, ಅಂದರೆ 24 ನಿಮಿಷ. ಹಗಲು ರಾತ್ರಿ ಸೇರಿ 60 ಗಳಿಗೆ. ಏಳು ವರ್ಷ ಮಂತ್ರ ಕಲಿತ ಹುಡುಗಿಯನ್ನು ಒಂದು ಖಾಲಿ ಕೋಣೆಯಲ್ಲಿ ಕೂರಿಸುತ್ತಾರೆ. ಮುಂದೆ ನೀರಿನ ತೊಟ್ಟಿ, ಅದರಲ್ಲಿ ಬಟ್ಟಲು. 60 ಸಲ ಅದು ಮುಳುಗಬೇಕು, 60 ಸಲ ಅವಳು ಎತ್ತಬೇಕು. ನಿದ್ದೆ ಮಾಡುವ ಹಾಗಿಲ್ಲ. ಬೆರಳು ಆಡಿಸಿದರೆ ಸಾಕು, 60 ಗಳಿಗೆ 6 ಗಳಿಗೆಯ ಹಾಗೆ ಓಡುತ್ತದೆ, ಅಷ್ಟು ಮಂತ್ರ ಅವಳಿಗೆ ಗೊತ್ತಿದೆ. ಬೆರಳು ಆಡಿಸಬಾರದು. ಪರೀಕ್ಷೆ ಅಂದರೆ ಇಷ್ಟೇ. ನಲವತ್ತನೇ ಬಟ್ಟಲಿನ ಹೊತ್ತಿಗೆ ಗುಳುಂ ಅನ್ನುವ ಸದ್ದು ಬರುವ ಮೊದಲೇ ಅವಳ ಕಿವಿಗೆ ಕೇಳಿಸತೊಡಗುತ್ತದೆ.

ಇದನ್ನು ಬರೆಯುವಾಗ ನಾನೂ ಒಂದು ಹಳೆಯ ಸ್ಟೀಲ್ ಬಟ್ಟಲಿಗೆ ಮೊಳೆಯಿಂದ ತೂತು ಹೊಡೆದು ಬಕೆಟ್ಟಿನಲ್ಲಿ ಬಿಟ್ಟುಕೊಂಡು ಕೂತಿದ್ದೆ. ತೂತು ದೊಡ್ಡದಾಯಿತು ಅನಿಸುತ್ತೆ, ಬಟ್ಟಲು ಒಂಬತ್ತೇ ನಿಮಿಷಕ್ಕೆ ಮುಳುಗಿತು. ಆ ಒಂಬತ್ತು ನಿಮಿಷವೂ ನನ್ನ ಕೈಲಿ ಆಗಲಿಲ್ಲ. ಮೂರನೇ ಸಲಕ್ಕೆ ಫೋನ್ ತೆಗೆದೆ.

ಸಂಘಗಳನ್ನು ಹೊಗಳಿ ಹೊಗಳಿ ಅಟ್ಟಕ್ಕೇರಿಸುವ ಹಾಗೂ ಇಲ್ಲ. ಹೊರಗಿನವರನ್ನು ಒಳಗೆ ಬಿಡದಿರುವುದು, ದರ ಇಳಿಯದ ಹಾಗೆ ನೋಡಿಕೊಳ್ಳುವುದು, ತಮ್ಮ ಮಕ್ಕಳಿಗೆ ದಾರಿ ಸುಲಭ ಮಾಡುವುದು, ಇದೆಲ್ಲ ಅವುಗಳ ಹುಟ್ಟುಗುಣ. 1791ರಲ್ಲಿ ಫ್ರಾನ್ಸ್ ಇಂಥ ಸಂಘಗಳನ್ನೆಲ್ಲ ರದ್ದು ಮಾಡಿದ್ದು ಸುಮ್ನೆ ಅಲ್ಲ. ನನ್ನ ನಿಯಮಾವಳಿಯ ಹನ್ನೊಂದನೇ ಕಲಮು ಹೀಗಿದೆ: ‘ಯಾರೂ ಪುಕ್ಕಟೆಯಾಗಿ ಹೊತ್ತು ತಿರುಗಿಸಬಾರದು.’ ಬರೆದಾಗ ಎಂಥ ಘನವಾದ ಮಾತು ಅನಿಸಿತ್ತು. ಮಂತ್ರ ಅಗ್ಗವಾದರೆ ಜನ ಸಿಕ್ಕಾಪಟ್ಟೆ ಬಳಸುತ್ತಾರೆ ಅನ್ನುವ ಕಾಳಜಿ. ತಿಂಗಳು ಬಿಟ್ಟು ಓದಿದಾಗ ಅದು ಶುದ್ಧ ವ್ಯಾಪಾರದ ಮಾತಾಗಿ ಕಂಡಿತು. ತೆಗೆಯಲಿಲ್ಲ, ಇರಲಿ ಅಂತ ಬಿಟ್ಟೆ. ನೀತಿಯ ಹೆಸರಲ್ಲಿ ಸ್ವಲ್ಪ ದುಡ್ಡೂ ಮಾಡಿಕೊಳ್ಳದ ಸಂಘವನ್ನು ಯಾರು ನಂಬುತ್ತಾರೆ?

ಮುಂದಿನದ್ದನ್ನು ನೋಡಿ ಹೇಳುವವರನ್ನು ನಾನು ಸಂಘಕ್ಕೇ ಸೇರಿಸಿಕೊಂಡಿಲ್ಲ. ಅವರ ದಂಧೆ ಬೇರೆ.

ಹೊತ್ತು ನಿಲ್ಲಿಸುವವರದ್ದು ಮೇಲ್ನೋಟಕ್ಕೆ ನಿರಪಾಯದ ವಿದ್ಯೆ. ಲೋಕ ಎಲ್ಲ ಕಲ್ಲಿನಂತೆ ನಿಂತಿರುತ್ತದೆ, ಅವರೊಬ್ಬರೇ ಓಡಾಡುತ್ತಾರೆ. ಕದಿಯಬಾರದು, ಇಣುಕಬಾರದು ಅಂತ ಎರಡು ಸಾಲು ಬರೆದು ಮುಗಿಸಿದ್ದೆ. ಆಮೇಲೆ ಒಬ್ಬ ವೈದ್ಯೆಯ ಪಾತ್ರ ಬಂತು. ರೋಗಿಗಳ ಸಾಲು ಕರಗಲ್ಲ. ಅದಕ್ಕೆ ಅವಳು ದಿನಕ್ಕೆ ಎಂಟು ಗಂಟೆ ಹೊತ್ತು ನಿಲ್ಲಿಸಿಕೊಂಡು ಓದುತ್ತಾಳೆ, ಔಷಧ ಅರೆಯುತ್ತಾಳೆ, ಒಂದಿಷ್ಟು ಮಲಗುತ್ತಾಳೆ. ಲೆಕ್ಕ ಹಾಕಿ. ಲೋಕಕ್ಕೆ 24 ಗಂಟೆ ಆದಾಗ ಅವಳ ಮೈಗೆ 32 ಗಂಟೆ. ಮೂವತ್ತನೇ ವಯಸ್ಸಿಗೆ ಕೆಲಸ ಶುರು ಮಾಡಿದವಳು ಮೂವತ್ತು ವರ್ಷ ದುಡಿದರೆ ಹುಟ್ಟಿದ ದಿನದ ಲೆಕ್ಕಕ್ಕೆ 60, ಮಂಡಿಯ ಲೆಕ್ಕಕ್ಕೆ 70. ಆ ಹತ್ತು ವರ್ಷಕ್ಕೆ ಸಂಬಳ ಕೊಟ್ಟವರು ಯಾರೂ ಇಲ್ಲ. ನೋಡಿದವರೂ ಇಲ್ಲ. ‘ಪಾಪ, ಬೇಗ ವಯಸ್ಸಾಗಿಬಿಟ್ಟಿತು’ ಅಂತ ಜನ ಅಂದುಕೊಳ್ಳುತ್ತಾರೆ, ಅಷ್ಟೇ.

ಹಾಗಾಗಿ ಸಂಘದ ಪ್ರತಿಯೊಬ್ಬರೂ ಎರಡು ಗಡಿಯಾರ ಕಟ್ಟಿಕೊಳ್ಳಬೇಕು. ಒಂದು ಲೋಕದ್ದು, ಇನ್ನೊಂದು ಸ್ವಂತದ್ದು. ವರ್ಷಕ್ಕೊಮ್ಮೆ ಎರಡನ್ನೂ ಪಕ್ಕಪಕ್ಕ ಇಟ್ಟು ವ್ಯತ್ಯಾಸ ಬರೆದುಕೊಳ್ಳುತ್ತಾರೆ. ಇದು ಪೂರ್ತಿ ನನ್ನ ತಲೆಯಿಂದ ಬಂದದ್ದಲ್ಲ. 1971ರ ಅಕ್ಟೋಬರ್‌ನಲ್ಲಿ ಜೋಸೆಫ್ ಹಫೆಲೆ, ರಿಚರ್ಡ್ ಕೀಟಿಂಗ್ ಅನ್ನುವ ಇಬ್ಬರು ವಿಜ್ಞಾನಿಗಳು ನಾಲ್ಕು ಪರಮಾಣು ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕರ ವಿಮಾನಗಳಲ್ಲಿ ಹತ್ತಿಸಿಕೊಂಡು ಭೂಮಿ ಸುತ್ತಿದರು. ಒಮ್ಮೆ ಪೂರ್ವಕ್ಕೆ, ಒಮ್ಮೆ ಪಶ್ಚಿಮಕ್ಕೆ. ವಾಪಸ್ ಬಂದು ನೆಲದ ಮೇಲೆ ಉಳಿದಿದ್ದ ಗಡಿಯಾರದ ಜೊತೆ ತಾಳೆ ನೋಡಿದರು. ಪೂರ್ವಕ್ಕೆ ಹೋದಾಗ 59 ನ್ಯಾನೋಸೆಕೆಂಡ್ ಹಿಂದೆ ಬಿದ್ದಿದ್ದವು, ಪಶ್ಚಿಮಕ್ಕೆ ಹೋದಾಗ 273 ನ್ಯಾನೋಸೆಕೆಂಡ್ ಮುಂದೆ ಓಡಿದ್ದವು. ಯಾವ ಗಡಿಯಾರವೂ ಕೆಟ್ಟಿರಲಿಲ್ಲ. ಅವು ಕಳೆದ ಹೊತ್ತೇ ಬೇರೆ ಬೇರೆ, ಐನ್‌ಸ್ಟೈನ್ ಲೆಕ್ಕ ಹೇಳಿದ್ದ ಹಾಗೆಯೇ. ವಿಮಾನದ ಸೀಟಿನಲ್ಲಿ ಗಡಿಯಾರ ಕೂರಿಸಿಕೊಂಡು ಹೋದ ಈ ಇಬ್ಬರಿಗೆ ನನ್ನ ಸಂಘದ ಗೌರವ ಸದಸ್ಯತ್ವ ಕೊಡಬಹುದು.

ನಿಜವಾಗಿ ಕೈ ಸುಟ್ಟುಕೊಂಡಿದ್ದು ಆಯುಸ್ಸಿನ ವರ್ಗಾವಣೆಯಲ್ಲಿ. ‘ನನ್ನ ಆಯಸ್ಸೂ ನಿನಗೇ ಇರಲಿ’ ಅಂತ ನಾವು ಎಷ್ಟು ಸಲೀಸಾಗಿ ಹರಸುತ್ತೇವೆ. ಆ ಮಾತು ನಿಜವಾಗಿಬಿಟ್ಟರೆ?

ನಮಗೆ ಇದು ಹೊಸ ಕಥೆಯೂ ಅಲ್ಲ. ಯಯಾತಿಯದ್ದು ಇದೇ ಅಲ್ವಾ. ಶಾಪದಿಂದ ಮುಪ್ಪು ಬಂದ ರಾಜ ಮಗನ ಯೌವನ ಕೇಳುತ್ತಾನೆ. ಪುರು ಕೊಡುತ್ತಾನೆ. ಚಿಕ್ಕಂದಿನಲ್ಲಿ ಕೇಳಿದಾಗ ಅದು ಮಗನ ತ್ಯಾಗದ ಕಥೆಯಾಗಿತ್ತು. ಈಗ ಸಂಘದ ಗುಮಾಸ್ತನ ಕನ್ನಡಕ ಹಾಕಿಕೊಂಡು ನೋಡಿದರೆ ಬೇರೆಯೇ ಕಾಣುತ್ತದೆ. ಯಯಾತಿ ಮೊದಲು ಕೇಳಿದ್ದು ಉಳಿದ ನಾಲ್ಕು ಮಕ್ಕಳನ್ನು. ಅವರು ಆಗಲ್ಲ ಅಂದರು. ಆಗಲ್ಲ ಅಂದವರಿಗೆ ಶಾಪ ಸಿಕ್ಕಿತು, ಆಗಲಿ ಅಂದವನಿಗೆ ಸಿಂಹಾಸನ. ಇದನ್ನು ಒಪ್ಪಿಗೆ ಅಂತ ಯಾವ ಬಾಯಲ್ಲಿ ಕರೆಯೋದು? ನಾಲ್ವರು ಅಣ್ಣಂದಿರಿಗೆ ಆದದ್ದನ್ನು ಕಣ್ಣಾರೆ ನೋಡಿದ ಮೇಲೆ ಐದನೆಯವನು ಇನ್ನೇನು ಹೇಳುತ್ತಿದ್ದ?

ಇದರಿಂದ ಹುಟ್ಟಿದ ಕಲಮು: ಇಲ್ಲ ಅಂದರೆ ಏನಾದರೂ ಕಳೆದುಕೊಳ್ಳುವ ಸ್ಥಿತಿಯಲ್ಲಿರುವವರಿಂದ ಆಯುಸ್ಸು ಪಡೆಯಬಾರದು. ಮಗನಿಂದ ಅಪ್ಪ, ಆಳಿನಿಂದ ಧಣಿ, ಸಾಲಗಾರನಿಂದ ಸಾಲ ಕೊಟ್ಟವನು ಪಡೆಯುವಂತಿಲ್ಲ. ಬರೆದು ಬೆನ್ನು ತಟ್ಟಿಕೊಂಡೆ. ಎರಡೇ ದಿನಕ್ಕೆ ಅದು ಕುಸಿಯಿತು. ಸಾಯುತ್ತಿರುವ ಮಗುವಿಗೆ ತನ್ನ ಹತ್ತು ವರ್ಷ ಕೊಡುತ್ತೇನೆ ಅಂತ ತಾಯಿಯೊಬ್ಬಳು ಸಂಘದ ಬಾಗಿಲಿಗೆ ಬಂದಳು. ಮಗು ಅವಳನ್ನು ಹೆದರಿಸಿಲ್ಲ. ಆದರೂ ಇಲ್ಲ ಅನ್ನುವುದು ಅವಳ ಕೈಲಿ ಸಾಧ್ಯವೇ? ಬಲವಂತ ಅಂದರೆ ಹೊರಗಿನಿಂದಲೇ ಬರಬೇಕು ಅಂತ ಏನಿಲ್ಲವಲ್ಲ. ಅವಳನ್ನು ವಾಪಸ್ ಕಳಿಸುವ ಸಂಘ ನನಗೆ ಬೇಕಿರಲಿಲ್ಲ. ಮೂರು ಸಲ ತಿದ್ದಿದ ಮೇಲೆ ಆ ಕಲಮು ಹೀಗೆ ನಿಂತಿತು: ‘ಆಯುಸ್ಸು ಕೊಡುವುದು ತಪ್ಪಲ್ಲ. ಕೇಳುವುದು ತಪ್ಪು.’ ಬಾಯಿಬಿಟ್ಟು ಕೇಳಿದವನಿಗೆ ಶಿಕ್ಷೆ. ಬಾಯಿ ಬಿಡದೆ ಕಣ್ಣಲ್ಲೇ ಕೇಳುವವರನ್ನು ಹಿಡಿಯೋದು ಹೇಗೆ ಅಂತ ನನಗೆ ಇನ್ನೂ ಹೊಳೆದಿಲ್ಲ.

ಮಧ್ಯಯುಗದ ಯುರೋಪಿನ ಧರ್ಮಪಂಡಿತರು ಬಡ್ಡಿಯನ್ನು ಬೈಯುತ್ತಿದ್ದ ಕಾರಣಗಳಲ್ಲಿ ಇದೂ ಒಂದು. ಸಾಲ ಕೊಟ್ಟವನು ಮಾರುತ್ತಿರುವುದು ಕಾಲವನ್ನು, ಕಾಲ ದೇವರದ್ದು, ತನ್ನದಲ್ಲದ್ದನ್ನು ಮಾರಿದರೆ ಅದು ಕಳ್ಳತನ. ವಾದ ನನಗೆ ಇಷ್ಟವಾಯಿತು. ಆದರೆ ಅದರ ಪಕ್ಕದಲ್ಲೇ ಇನ್ನೊಬ್ಬರನ್ನು ಇಡಬೇಕು ಅನಿಸುತ್ತದೆ. ಲಂಡನ್ನಿನಲ್ಲಿ ರೂತ್ ಬೆಲ್ವಿಲ್ ಅಂತ ಒಬ್ಬ ಹೆಂಗಸು ಇದ್ದಳು. ಹೊಟ್ಟೆಪಾಡಿಗೆ ಅವಳು ಮಾರುತ್ತಿದ್ದದ್ದು ಹೊತ್ತನ್ನೇ. ಜಾನ್ ಆರ್ನಾಲ್ಡ್ ಅನ್ನುವ ಹೆಸರಾಂತ ಕುಶಲಿ ಮಾಡಿದ ಹಳೆಯ ಜೇಬುಗಡಿಯಾರ ಅವಳ ಹತ್ತಿರ ಇತ್ತು. ಅದನ್ನು ‘ಆರ್ನಾಲ್ಡ್’ ಅಂತ ಮನೆಮಗನ ಹಾಗೆ ಕರೆಯುತ್ತಿದ್ದಳು. ಗ್ರೀನಿಚ್ ವೀಕ್ಷಣಾಲಯಕ್ಕೆ ಹೋಗಿ ಅಲ್ಲಿನ ಗಡಿಯಾರದ ಜೊತೆ ತಾಳೆ ನೋಡಿಸಿ, ಆಮೇಲೆ ಚಂದಾದಾರರ ಮನೆ ಅಂಗಡಿ ಸುತ್ತಿ ಅದನ್ನು ತೋರಿಸಿ ಬರುತ್ತಿದ್ದಳು. ಅವಳ ಅಪ್ಪ 1836ರಲ್ಲಿ ಶುರು ಮಾಡಿದ ಕಸುಬು, ಇವಳು ನಿಲ್ಲಿಸಿದ್ದು 1940ರಲ್ಲಿ. ತಂತಿಯಲ್ಲಿ, ರೇಡಿಯೋದಲ್ಲಿ ಹೊತ್ತು ಬರತೊಡಗಿದ ಮೇಲೂ ಜನ ಅವಳನ್ನು ಬಿಟ್ಟಿರಲಿಲ್ಲ. ಯಾರ ಹತ್ತಿರವೂ ಒಂದು ನಿಮಿಷ ಕಡಿಮೆಯಾಗದ ಹಾಗೆ ಹೊತ್ತು ಮಾರಿದವಳು ಅವಳೊಬ್ಬಳೇ ಇರಬೇಕು.

ಕಾಲದ ಮೇಲೆ ನಿಜವಾಗಿ ದೊಡ್ಡ ಕೈಹಾಕಿದವರು ಮಾಂತ್ರಿಕರಲ್ಲ, ಸರ್ಕಾರಗಳು. 1752ರಲ್ಲಿ ಬ್ರಿಟನ್ ಹಳೆಯ ಪಂಚಾಂಗ ಬಿಟ್ಟು ಹೊಸದಕ್ಕೆ ಬಂತು. ಸೆಪ್ಟೆಂಬರ್ 2ರ ರಾತ್ರಿ ಮಲಗಿದವರು ಎದ್ದದ್ದು 14ಕ್ಕೆ. ಹನ್ನೊಂದು ದಿನ ಮಾಯ. ನಮ್ಮ ದಿನ ವಾಪಸ್ ಕೊಡಿ ಅಂತ ಜನ ದಂಗೆ ಎದ್ದರು ಅನ್ನುವ ಕಥೆ ಬಹಳ ಓಡಾಡುತ್ತದೆ. ಅದಕ್ಕೆ ಗಟ್ಟಿ ಆಧಾರ ಇಲ್ಲ ಅಂತಾರೆ ಇತಿಹಾಸಕಾರರು. ಆ ದಂಗೆಗಿಂತ ಸ್ವಾರಸ್ಯ ಇರೋದು ಕಾಯ್ದೆಯ ಒಳಗೆ. ಬಾಡಿಗೆ, ಸಾಲದ ಗಡುವು, ಕರಾರು ಯಾವುದೂ ಈ ಜಿಗಿತದಿಂದ ಹನ್ನೊಂದು ದಿನ ಮುಂಚೆ ಬಂದು ಕೂರಬಾರದು ಅಂತ ಅದರಲ್ಲಿ ಬರೆದಿದ್ದರು. 21 ತುಂಬಿ ಆಸ್ತಿ ಕೈಗೆ ಬರಬೇಕಾದ ಹುಡುಗನಿಗೂ ಅಷ್ಟೇ. ನಿಜವಾಗಿ ಅಷ್ಟು ದಿನ ಬದುಕಿದ ಮೇಲೆಯೇ 21 ತುಂಬಿತು ಅಂತ ಲೆಕ್ಕ. ಕ್ಯಾಲೆಂಡರ್ ಹಾರಿದರೂ ಮೈ ಹಾರಲ್ಲ ಅನ್ನುವುದು ಆ ಗುಮಾಸ್ತರಿಗೆ ಗೊತ್ತಿತ್ತು. ಸಮೋವಾ ದ್ವೀಪದವರು 2011ರಲ್ಲಿ ದಿನಾಂಕ ರೇಖೆಯ ಇನ್ನೊಂದು ಬದಿಗೆ ಸರಿದಾಗ ಡಿಸೆಂಬರ್ 30ರ ಶುಕ್ರವಾರ ಅಲ್ಲಿ ಬರಲೇ ಇಲ್ಲ. ಬಾರದ ಆ ಶುಕ್ರವಾರಕ್ಕೂ ಕೆಲಸಗಾರರಿಗೆ ಸಂಬಳ ಕೊಡಬೇಕು ಅಂತಾಯಿತು. ಮಂತ್ರ ಹಾಕುವ ಮೊದಲು ಯಾರ ಜೇಬು, ಯಾರ ವಯಸ್ಸು ಅಂತ ಕೂತು ಯೋಚನೆ ಮಾಡಿದ ಇಂಥ ಗುಮಾಸ್ತರ ಬಗ್ಗೆ ನನಗೆ ಮಾಂತ್ರಿಕರಿಗಿಂತ ಜಾಸ್ತಿ ಗೌರವ.

ಈಗ ಹೊತ್ತನ್ನು ಹಿಂದಕ್ಕೆ ತಿರುಗಿಸುವ ವಿಷಯ. ಇಷ್ಟು ಹೊತ್ತು ಸುತ್ತಿ ಬಳಸಿ ಬಂದದ್ದೇ ಇದಕ್ಕೆ ಹೆದರಿ.

ಯಾವುದೋ ಬೀದಿಗೆ ಬೆಂಕಿ ಬಿತ್ತು ಅಂದುಕೊಳ್ಳಿ. ಗಳಿಗೆಗಾರನೊಬ್ಬ ಎರಡು ಗಂಟೆ ಹಿಂದಕ್ಕೆ ತಿರುಗಿಸಿ ಎಲ್ಲರನ್ನೂ ಹೊರಗೆ ಕರೆತಂದ. ಒಳ್ಳೆಯ ಕೆಲಸ. ಆದರೆ ಅವನು ತಿರುಗಿಸಿದ್ದು ತನ್ನ ಎರಡು ಗಂಟೆಯನ್ನಲ್ಲ, ಎಲ್ಲರದ್ದನ್ನೂ. ಭೂಮಿಯ ಮೇಲೆ ಈಗ 800 ಕೋಟಿಗಿಂತ ಜಾಸ್ತಿ ಜನ. ತಲೆಗೆ ಎರಡು ಗಂಟೆ ಅಂದರೆ 1,600 ಕೋಟಿ ಗಂಟೆ. ವರ್ಷಕ್ಕೆ ಇಳಿಸಿದರೆ 18 ಲಕ್ಷ ವರ್ಷ. ಎಂಬತ್ತು ವರ್ಷದ ಬದುಕುಗಳಾಗಿ ಎಣಿಸಿದರೆ 22,000ಕ್ಕೂ ಹೆಚ್ಚು. ಅವರಿಗೆಲ್ಲ ಎರಡು ಗಂಟೆ ವಾಪಸ್ ಸಿಗುತ್ತದೆ, ನಿಜ. ಆದರೆ ಅದೇ ಎರಡು ಗಂಟೆ ಅಲ್ಲ. ಹತ್ತು ವರ್ಷ ಮಾತು ಬಿಟ್ಟಿದ್ದ ಅಣ್ಣನಿಗೆ ಎಲ್ಲೋ ಒಬ್ಬ ತಮ್ಮ ಧೈರ್ಯ ಮಾಡಿ ಫೋನ್ ಮಾಡಿದ್ದ. ಎರಡನೇ ಸಲ ಅದೇ ಗಳಿಗೆ ಬಂದಾಗ ಬಾಗಿಲಲ್ಲಿ ಯಾರೋ ಕೂಗಿದರು, ಅವನು ಫೋನ್ ಕೆಳಗಿಟ್ಟ. ಅವನಿಗೆ ಏನೂ ಗೊತ್ತಾಗಲ್ಲ. ಯಾರಿಗೂ ಗೊತ್ತಾಗಲ್ಲ.

ತೊಡಕು ಇರೋದೇ ಇಲ್ಲಿ. ಯಾವ ನ್ಯಾಯಾಲಯಕ್ಕೂ ಬೇಕಾಗುವುದು ಏನು? ನೊಂದವರು, ಸಾಕ್ಷಿ, ಕುರುಹು. ಹೊತ್ತು ತಿರುಗಿಸಿ ಮಾಡಿದ ತಪ್ಪಿನಲ್ಲಿ ಮೂರೂ ಇರಲ್ಲ. ನೊಂದವರು ನೊಂದೇ ಇಲ್ಲ. ಸಾಕ್ಷಿ ಏನನ್ನೂ ನೋಡಿಲ್ಲ. ನಡೆದದ್ದು ಮಾಡಿದವನ ತಲೆಯಲ್ಲಿ ಮಾತ್ರ ಉಳಿದಿದೆ. ತಪ್ಪು ಮಾಡಿದವನ ನೆನಪೇ ತಪ್ಪಿನ ಏಕೈಕ ದಾಖಲೆ ಆಗಿರುವ ಲೋಕದಲ್ಲಿ ಸಂಘ ಏನು ಮಾಡಬೇಕು?

ಇದಕ್ಕೆ ಉತ್ತರ ನನಗೆ ಯಾವ ಪುಸ್ತಕದಲ್ಲೂ ಸಿಗಲಿಲ್ಲ. ಸಿಕ್ಕಿದ್ದು ಒಂದು ಹಳೆಯ ಲಾಗ್ ಬುಕ್ಕಿನಲ್ಲಿ.

ತುಂಬ ವರ್ಷಗಳ ಹಿಂದೆ ನಾನೊಂದು ಲ್ಯಾಬಿನಲ್ಲಿ ರಾತ್ರಿ ಪಾಳಿ ಮಾಡುತ್ತಿದ್ದೆ. ಅಲ್ಲೊಂದು ಕೋಲ್ಡ್ ರೂಮ್. ಒಳಗೆ ಎರಡರಿಂದ ಎಂಟು ಡಿಗ್ರಿ ಇರಬೇಕು. ಎರಡು ಗಂಟೆಗೊಮ್ಮೆ ಬಾಗಿಲ ಪಕ್ಕದ ಥರ್ಮಾಮೀಟರ್ ನೋಡಿ ಲಾಗ್ ಬುಕ್ಕಿನಲ್ಲಿ ಬರೆದು ಸಹಿ ಹಾಕಬೇಕು. ಆಗೆಲ್ಲ ಕೈಬರಹವೇ. ಒಂದು ರಾತ್ರಿ 12ರದ್ದು ಬರೆದು, ಐದು ನಿಮಿಷ ಅಂತ ಕುರ್ಚಿಗೆ ಒರಗಿದೆ. ಕಣ್ಣು ಬಿಟ್ಟಾಗ ಐದೂಮುಕ್ಕಾಲು. ಆರಕ್ಕೆ ಮುಂದಿನ ಪಾಳಿಯ ಹುಡುಗ ಬರುತ್ತಾನೆ. ಗಡಿಬಿಡಿಯಲ್ಲಿ ಪೆನ್ನು ತೆಗೆದು 2:00ರ ಮುಂದೆ 4.1 ಅಂತ ಬರೆದೆ. 4:00ರ ಮುಂದೆ 4.2. ಅಂಕಿ ನಿಜ ಅನಿಸಲಿ ಅಂತ ಬೇಕಂತಲೇ ಸ್ವಲ್ಪ ಬದಲಿಸಿದ್ದು. ಆ ಓಟದಲ್ಲೇ 6:00ರದ್ದೂ ತುಂಬಿಸಿದೆ, 4.2. ಥರ್ಮಾಮೀಟರ್ ಮೂರು ಹೆಜ್ಜೆ ದೂರದಲ್ಲಿತ್ತು. ಎದ್ದು ನೋಡಲಿಲ್ಲ. ಪಾಳಿ ಒಪ್ಪಿಸಿಕೊಂಡ ಹುಡುಗ ನನ್ನ ಸಹಿಯ ಪಕ್ಕ ತನ್ನ ಸಹಿ ಹಾಕಿದ.

ಎಂಟು ಗಂಟೆಗೆ ಅವನು ನೋಡಿದಾಗ 13 ಡಿಗ್ರಿ.

ಕಂಪ್ರೆಸರ್ ರಾತ್ರಿಯೇ ಯಾವಾಗಲೋ ನಿಂತಿತ್ತು ಅನ್ನುವುದರಲ್ಲಿ ನನಗೆ ಅನುಮಾನ ಇಲ್ಲ. ಆದರೆ ಲಾಗ್ ಬುಕ್ ಬೇರೆ ಹೇಳುತ್ತಿತ್ತು. ಆರರ ತನಕ ಎಲ್ಲ ಸರಿ, ಆರರಿಂದ ಎಂಟರ ಒಳಗೆ ಏನೋ ಆಗಿದೆ, ಬಾಗಿಲು ತೆರೆದಿಟ್ಟಿರಬೇಕು. ಒಳಗಿದ್ದ ಸ್ಯಾಂಪಲ್‌ಗಳೆಲ್ಲ ಹಾಳು. ಅವನಿಗೆ ಮೆಮೊ ಬಂತು. ಅವನು ಎಷ್ಟು ಹೇಳಿದರೂ ಕೇಳುವವರಿರಲಿಲ್ಲ. ನಾನು ಬಾಯಿ ಬಿಡಲಿಲ್ಲ. ಮುಂದಿನ ತಿಂಗಳು ಅವನು ಕೆಲಸ ಬಿಟ್ಟ. ಬಿಡಿಸಿದರು ಅಂತಲೂ ಹೇಳಬಹುದು.

ಅದಾಗಿ ಕೆಲವು ದಿನಕ್ಕೆ, ಯಾವುದೋ ಬೇರೆ ಸಣ್ಣ ತಪ್ಪಿಗೆ ನಾನು ವೈಟ್ನರ್ ತೆಗೆದಿದ್ದೆ. ದಾಖಲೆ ನೋಡಿಕೊಳ್ಳುತ್ತಿದ್ದ ಹಿರಿಯ ಮೇಡಂ ಕೈ ಹಿಡಿದರು. ‘ನೋಡಪ್ಪಾ, ತಪ್ಪು ಬರೆದ್ರೆ ಒಂದೇ ಗೆರೆ ಎಳಿ. ಕೆಳಗಿನ ಅಕ್ಷರ ಕಾಣ್ಬೇಕು. ಪಕ್ಕದಲ್ಲಿ ಸಹಿ, ತಾರೀಕು. ವೈಟ್ನರ್ ಹಚ್ಚಿದ್ರೆ ತಪ್ಪು ಹೋಗಲ್ಲ, ನಿನ್ ಕೆಲ್ಸ ಹೋಗತ್ತೆ.’ ಅವರಿಗೆ ಕೋಲ್ಡ್ ರೂಮಿನ ವಿಷಯ ಗೊತ್ತಿತ್ತೋ ಇಲ್ಲವೋ, ನನಗೆ ಇವತ್ತಿಗೂ ಗೊತ್ತಿಲ್ಲ. ಒಬ್ಬ ಕಿರಿಯನಿಗೆ ಕೆಲಸ ಹೇಳಿಕೊಡುವ ದನಿಯಲ್ಲೇ ಹೇಳಿದರು.

ಸಂಘದ ಮೂಲ ಕಲಮು ಆದದ್ದು ಈ ಮಾತು. ಹೊತ್ತು ತಿರುಗಿಸಬೇಡಿ ಅಂತ ಸಂಘ ಹೇಳಲ್ಲ. ವೈಟ್ನರ್ ಹಚ್ಚಬಾರದು ಅನ್ನುತ್ತದೆ. ತಿರುಗಿಸುವ ಮೊದಲು ಆ ಗಳಿಗೆಗಳಲ್ಲಿ ಏನೇನು ನಡೆದಿತ್ತು ಅನ್ನುವುದನ್ನು ಬರೆದಿಡಬೇಕು. ಸಂಘದ ದಫ್ತರದ ಕೋಣೆಗೆ ಮಾತ್ರ ಯಾವ ಮಂತ್ರವೂ ನಾಟಲ್ಲ. ಹೊರಗಿನ ಲೋಕ ಹಿಂದಕ್ಕೆ ಹೋದರೂ ಒಳಗಿನ ಮಸಿ ಹಾಗೇ ಉಳಿಯುತ್ತದೆ. ಅಳಿದ ದಿನದ ಮೇಲೆ ಒಂದೇ ಗೆರೆ, ಕೆಳಗಿನದು ಓದಲು ಬರುವ ಹಾಗೆ. ಪಕ್ಕದಲ್ಲಿ ಎರಡು ಸಹಿ. ಒಂದು ತಿರುಗಿಸಿದವನದ್ದು, ಇನ್ನೊಂದು ಸಾಕ್ಷಿಯದ್ದು. ಈ ಸಾಕ್ಷಿಗಳನ್ನು ಸಂಘದಲ್ಲಿ ‘ನೆನಪಿನವರು’ ಅಂತಾರೆ. ಅವರಿಗೆ ಮಂತ್ರ ಬರಲ್ಲ. ಯಾರೂ ಬದುಕಿರದ ದಿನಗಳನ್ನು ತಲೆಯಲ್ಲಿ ಹೊತ್ತು ತಿರುಗುವುದೇ ಅವರ ಕೆಲಸ. ಬೇಗ ಮುಪ್ಪಾಗುತ್ತಾರೆ. ಹೆಚ್ಚು ಮಾತಾಡಲ್ಲ.

ನಮ್ಮ ಲೋಕದಲ್ಲೂ ಇಂಥ ದಫ್ತರ ಒಂದಿದೆ. ಪ್ಯಾರಿಸ್ ಹತ್ತಿರದ ಅಂತರರಾಷ್ಟ್ರೀಯ ಅಳತೆ ತೂಕದ ಕಚೇರಿ ಹಲವು ದೇಶಗಳ 400ಕ್ಕೂ ಹೆಚ್ಚು ಪರಮಾಣು ಗಡಿಯಾರಗಳ ಲೆಕ್ಕ ತರಿಸಿಕೊಂಡು ಸರಾಸರಿ ತೆಗೆಯುತ್ತದೆ. ಯಾವ ದೇಶದ ಗಡಿಯಾರ ಎಷ್ಟು ಆಚೀಚೆ ಇತ್ತು ಅಂತ ತಿಂಗಳಿಗೊಮ್ಮೆ ಪ್ರಕಟಿಸುತ್ತದೆ. ಅಂದರೆ ಹೋದ ತಿಂಗಳು ಕರಾರುವಾಕ್ಕಾಗಿ ಎಷ್ಟು ಗಂಟೆ ಆಗಿತ್ತು ಅನ್ನುವುದು ಈ ತಿಂಗಳು ತಿಳಿಯುತ್ತದೆ! 1972ರಿಂದ 2016ರ ಕೊನೆಯವರೆಗೆ 27 ಸಲ ಲೋಕದ ಹೊತ್ತಿಗೆ ಒಂದೊಂದು ಸೆಕೆಂಡ್ ಸೇರಿಸಿದ್ದಾರೆ. 23:59:59 ಆದ ಮೇಲೆ 23:59:60. ಪ್ರತಿಯೊಂದಕ್ಕೂ ತಾರೀಕು ಇದೆ, ಪಟ್ಟಿ ಇದೆ, ಯಾರು ಬೇಕಾದರೂ ನೋಡಬಹುದು. ಕಂಪ್ಯೂಟರುಗಳಿಗೆ ತಲೆನೋವು ಅಂತ ಈ ಪದ್ಧತಿಯನ್ನು 2035ರ ಒಳಗೆ ಕೈಬಿಡಲು 2022ರಲ್ಲಿ ತೀರ್ಮಾನಿಸಿದರು. ಹಾಕಿದ 27 ಸೆಕೆಂಡನ್ನು ಮಾತ್ರ ಯಾರೂ ಅಳಿಸಲ್ಲ.

ಮೂರನೇ ಅಧ್ಯಾಯ ನಿಂತಿರುವುದು ಎಲ್ಲಿ ಅಂತ ಈಗ ಹೇಳಬಹುದು. ಸಂಘದ ಒಬ್ಬ ಹುಡುಗ ತನ್ನ ಅಜಾಗರೂಕತೆಯಿಂದ ಒಬ್ಬ ಹೆಂಗಸಿಗೆ ದೊಡ್ಡ ಅನ್ಯಾಯ ಮಾಡುತ್ತಾನೆ. ಹೆದರಿ ಹೊತ್ತು ತಿರುಗಿಸುತ್ತಾನೆ, ನಿಯಮದ ಪ್ರಕಾರವೇ, ದಫ್ತರದಲ್ಲಿ ಬರೆದು. ಈಗ ಅವಳಿಗೆ ಏನೂ ಆಗಿಲ್ಲ. ದಿನಾ ಬೆಳಿಗ್ಗೆ ಅವನನ್ನು ನೋಡಿ ನಗುತ್ತಾಳೆ. ಅವಳಿಗೆ ಹೇಳಬೇಕೋ ಬೇಡವೋ? ಸಂಘದಲ್ಲಿ ಎರಡು ಪಂಗಡ. ಹೇಳಬೇಕು ಅನ್ನುವವರದ್ದು ಒಂದೇ ಮಾತು: ಅವಳ ಬದುಕಿನ ಒಂದು ದಿನ ಅದು, ಅವಳದ್ದೇ ಆಸ್ತಿ. ಬೇಡ ಅನ್ನುವವರು ಕೇಳುತ್ತಾರೆ, ಹೇಳಿ ಏನು ಸಾಧಿಸಿದ ಹಾಗಾಯಿತು? ನೋವು ಅವಳಿಗೆ, ನಿರಾಳ ನಿನಗೆ.

ಬಹಳ ದಿನ ನಾನು ಎರಡನೆಯವರ ಕಡೆಗಿದ್ದೆ. ಅವರ ವಾದ ಚೆನ್ನಾಗಿದೆ. ಒಂದು ಸಂಜೆ ಅವರ ಸಂಭಾಷಣೆ ಬರೆಯುತ್ತಾ ಬರೆಯುತ್ತಾ ಮಾತುಗಳು ಎಷ್ಟು ಸಲೀಸಾಗಿ ಬರುತ್ತಿವೆ ಅಂತ ಗಮನಿಸಿದೆ. ಅಷ್ಟು ವರ್ಷ ಅಭ್ಯಾಸ ಮಾಡಿದ್ದ ಮಾತುಗಳಲ್ವಾ ಅವು. ಅದೂ ನಾನು ಹೊತ್ತು ತಿರುಗಿಸಿರಲೂ ಇಲ್ಲ. ನನ್ನ ಕಥೆಯಲ್ಲಿ ನೊಂದವನು ನೊಂದೇ ಇದ್ದ.

ಹೋದ ತಿಂಗಳು ಹಳೆಯ ಸಹೋದ್ಯೋಗಿಯೊಬ್ಬರಿಂದ ಅವನ ನಂಬರ್ ಸಿಕ್ಕಿತು. ನಾಲ್ಕು ಸಲ ಬರೆದು ಅಳಿಸಿದ ಮೇಲೆ ಉದ್ದದ ಮಾತೆಲ್ಲ ಬಿಟ್ಟು ಇಷ್ಟೇ ಕಳಿಸಿದೆ: ‘ಆ ರಾತ್ರಿ 12 ಆದ ಮೇಲೆ ನಾನು ಥರ್ಮಾಮೀಟರ್ ನೋಡಿರಲಿಲ್ಲ. ಮೂರೂ ರೀಡಿಂಗ್ ಸುಳ್ಳು. ಆಗಲೇ ಹೇಳಬೇಕಿತ್ತು.’ ಕಳಿಸಿದ ತಕ್ಷಣ ಅಳಿಸಿಬಿಡೋಣ ಅನಿಸಿತು. ಅಳಿಸಿದರೂ ‘ಈ ಸಂದೇಶವನ್ನು ಅಳಿಸಲಾಗಿದೆ’ ಅಂತ ಅಲ್ಲೊಂದು ಸಾಲು ಉಳಿಯುತ್ತದೆ. ಆ ಆ್ಯಪ್ ಮಾಡಿದವರಲ್ಲಿ ಯಾರೋ ಒಬ್ಬರು ನಮ್ಮ ಮೇಡಂ ಥರದವರಿರಬೇಕು.

ಮರುದಿನ ಮಧ್ಯಾಹ್ನ ಉತ್ತರ ಬಂತು.

‘ಗೊತ್ತಿತ್ತು ಅಣ್ಣ. 4.1, 4.2, 4.2. ನೋಡಿದ್ರೇ ಗೊತ್ತಾಗತ್ತೆ. ಆದ್ರೆ ಆರು ಗಂಟೆಗೆ ನಾನೂ ಮೀಟರ್ ನೋಡ್ದೆ ಸೈನ್ ಮಾಡಿದ್ದೆ. ಅದನ್ನ ನಾನೂ ಯಾರಿಗೂ ಹೇಳ್ಲಿಲ್ಲ. ನೀವು ಈಗ ಎಲ್ಲಿದ್ದೀರಾ?’

ಎಲ್ಲಿದ್ದೇನೆ ಅಂತ ಬರೆದೆ. ಇನ್ನೊಂದಿಷ್ಟು ಮಾತೂ ಆಯಿತು, ಅದು ಇಲ್ಲಿಗೆ ಬೇಡ. ರಾತ್ರಿ ನಿಯಮಾವಳಿ ತೆಗೆದು ಎರಡು ಸಹಿಯ ಕಲಮಿಗೆ ಬಂದೆ. ಸಾಕ್ಷಿಯ ಸಹಿ ಇದ್ದರೆ ಸಾಕು ಅಂತ ಬರೆದಿದ್ದೆ. ಸಾಕ್ಷಿ ನೋಡಿರಬೇಕು ಅಂತ ಎಲ್ಲೂ ಬರೆದಿರಲಿಲ್ಲ. ಆ ಸಾಲಿನ ಮೇಲೆ ಒಂದೇ ಗೆರೆ ಎಳೆದು, ಪಕ್ಕದಲ್ಲಿ ಸಹಿ ಮಾಡಿ ತಾರೀಕು ಹಾಕಿದ್ದೇನೆ. ಹೊಸ ಸಾಲು ಇನ್ನೂ ಹೊಳೆದಿಲ್ಲ.